ಉಪ್ಪು ತೊಳದ ನೀರು

ಹಳೇ ಹುಬ್ಬಳ್ಳಿಯೊಳಗ ನಳ ಬರೂದು ಎಂಟು ದಿನಕ್ಕೊಮ್ಮೆ.
ಅಂಥಾ ಊರಿನ ಲೈನ್‌ಮನ್ ನಾನು, ದಾವಲಸಾಬ ನದಾಫ.
ಚಂಡಮಾರುತ ಬಡದ ಮೂರನೇ ದಿನ
ಲಾರಿ ತುಂಬ ಕಂಬ, ಹನ್ನೊಂದು ಮಂದಿ, ಘಟ್ಟ ಇಳದ್ವಿ.

ಸಮುದ್ರ ಆಗಲೇ ಸುಮ್ಮಗಾಗಿತ್ತು,
ಬೈಸಿಕೊಂಡ ಹುಡುಗನ ಗತೆ.

ತಂತಿ ಎಳದ್ವಿ. ಕರೆಂಟ್ ಬಿಟ್ಟರ ಪಟ್ ಅಂತ ನೀಲಿ ಕಿಡಿ.
ಮತ್ತ ಬಿಟ್ವಿ. ಮತ್ತ ಕಿಡಿ.
"ಗಾಳಿ ಉಪ್ಪು ಹೊತ್ತು ತಂದದ," ಅಂದ್ರು ಇಂಜಿನಿಯರ್ ಕೊಪ್ಪದ ಬಾಯಾರು,
"ಪಿಂಗಾಣಿ ಮ್ಯಾಲೆ ಕುಂತದ. ತಂಪು ತಾಗಿದರ ಉಪ್ಪೇ ತಂತಿ ಆಗತದ.
ತೊಳೀಬೇಕು. ಸಿಹಿನೀರು ಬೇಕು."

ಬಾವಿಯೊಳಗೆಲ್ಲ ಕಡಲು ಹೊಕ್ಕಿತ್ತು.
ಟ್ಯಾಂಕರ್ ಬಂದು ಹೋಗಿತ್ತು, ಮನಿಗೆ ಎರಡೇ ಕೊಡ.

ಮೀನು ಮಾರಾಕಿ ಒಬ್ಬಾಕಿ ಬಂದು
ಕಂಬದ ಬುಡಕ ಒಂದು ಕೊಡ ಇಳಿಸಿದ್ಲು.
ಏನೂ ಅನಲಿಲ್ಲ.
ಆಮ್ಯಾಲೆ ಸಾಲು ಹತ್ತಿತು.
ಹಗ್ಗಕ್ಕ ಕಟ್ಟಿ ಮ್ಯಾಲೆ ಕಳಸ್ಯಾರ,
ಅರಿವಿ ಅದ್ದಿ ಅದ್ದಿ ಒರಸೀನಿ;
ಒಂದು ಹನಿ ಕೆಳಗ ಬಿದ್ದರ
ಎಂಟು ದಿನ ಕಾಯೂ ಕೈ ನಡಗತಿತ್ತು.

ರಾತ್ರಿ ಒಂಬತ್ತಕ್ಕ ಒಂದು ಬಲ್ಬ್ ಹತ್ತಿತು
ಮಾಡು ಹಾರಿಹೋದ ಮನಿಯೊಳಗ.
ಕತ್ತಲದಾಗ ಯಾವುದೋ ಅಜ್ಜಿ ಗದರಿದ್ಲು:
"ಆಫ್ ಮಾಡು ಮಾರಾಯ, ಬಿಲ್ಲು ಬರ್ತದೆ!"

ಇವತ್ತು ನಮ್ಮ ಓಣಿಗೆ ನೀರಿನ ಪಾಳಿ.
ನನ್ನ ಬೆಲ್ಟು ಬಕೇಟಿನೊಳಗ ಅದ್ದಾಕ ಹೋಗಿ
ಹಸೀನಾ ಕೇಳತಾಳ, "ಇದೇನ್ರೀ ಬೆಳ್ಳಗ?"

ತಡಿ, ಅಂದೆ.