ಆರನೆಯ ದೋಣಿ

ನಲವತ್ತೇಳು ಮಕ್ಕಳು. ಒಂದು ದೋಣಿಗೆ
ಅಂಬಿಗನನ್ನು ಬಿಟ್ಟು ಒಂಬತ್ತು ಜನ.
ಎಷ್ಟು ದೋಣಿ ಬೇಕು?
ಕರಿಹಲಗೆಯ ಮೇಲೆ ವಗಾನ್ ಮೇಷ್ಟ್ರ ಅಕ್ಷರ
ಉಪ್ಪುಗಾಳಿಗೆ ಬೆವರಿ ತುಸು ಜಾರಿತ್ತು.

ಒಂಬತ್ತೈದಲೆ ನಲವತ್ತೈದು. ಕಳೆದರೆ ಎರಡು.
ಇಡೀ ತರಗತಿ ಒಂದೇ ಉಸಿರಿಗೆ ಬರೆಯಿತು:
ಭಾಗಲಬ್ಧ ಐದು, ಶೇಷ ಎರಡು.
ತೆನಿಂಗ್ ಮಾತ್ರ ಬರೆದಳು: ಆರು.
ಕೆಂಪು ಶಾಯಿಯ ಗೀಟು ಬಿತ್ತು.
'ಶೇಷ ಎಲ್ಲಿ?' ಎಂದರು ಮೇಷ್ಟ್ರು.
ದೋಣೀಲಿ ಕೂತಿದೆ ಸಾರ್,
ಅನ್ನಬೇಕೆಂದು ಬಾಯಿಗೆ ಬಂದದ್ದನ್ನು ನುಂಗಿಕೊಂಡಳು.

ಅವಳು ಲೆಕ್ಕ ಕಲಿತದ್ದು ಕೆಸರಲ್ಲಿ.
ಸಲೂಮ್ ನದಿ ಕಡಲಿಗೆ ಬಾಯಿ ಬಿಡುವಲ್ಲಿ
ಕಾಂಡ್ಲಾ ಬೇರಿಗೆ ಕಚ್ಚಿಕೊಂಡ ಸಿಂಪಿಗಳನ್ನು
ಅವಳಮ್ಮ ಸಿಗಾ ಕತ್ತಿಯಿಂದ ಎಬ್ಬಿ ತೆಗೆಯುವಳು.
ಹೊಗೆಯಲ್ಲಿ ಒಣಗಿದ ನೂರು ಸಿಂಪಿ,
ಸರಕ್ಕೆ ಹನ್ನೆರಡು. ಎಂಟು ಸರ ಸಂತೆಗೆ.
ಉಳಿದ ನಾಲ್ಕಕ್ಕೆ ಬೆಲೆಯಿಲ್ಲ, ಬಾಯಿ ಇದೆ:
ತೆನಿಂಗಳಿಗೆ ಎರಡು, ತಮ್ಮನಿಗೊಂದು,
ಒಂದು ಬೆಕ್ಕಿಗೆ, ಅದು ಯಾವ ಲೆಕ್ಕಕ್ಕೂ ಸೇರಿದ್ದಲ್ಲ.
ಇಲ್ಲಿ ಒಂಬತ್ತನೆಯ ಸರ ಎಲ್ಲಿ ಎಂದರೆ
ಅಮ್ಮ ನಗುತ್ತಾಳೆ.

ಸಾಲ, ಬೆಂಕಿ, ಹಗೆ: ಈ ಮೂರರ ಶೇಷ ಉಳಿಸಬಾರದೆಂದು
ನಮ್ಮ ಕಡೆ ಹಿರಿಯರ ಮಾತು.
ಸಿಗಾ ದಿನವೂ ಒಂದು ಕೆಂಡ ಉಳಿಸುತ್ತಾಳೆ,
ಮೇಲೆ ಬೂದಿ ಹೊದಿಸಿ,
ನಾಳೆಯ ಹೊಗೆಗೆ.

ಅಪ್ಪ ದಕ್ಷಿಣದ ಮೀನಿಗೆ ಹೊರಟದ್ದು ಶುಕ್ರವಾರ.
'ಇವತ್ತಿಗೆ ನಲವತ್ತು ದಿನಕ್ಕೆ ಬರ್ತೀನಿ.'
ತೆನಿಂಗ್ ಏಳರಿಂದ ಭಾಗಿಸಿದಳು.
ಏಳೈದಲೆ ಮೂವತ್ತೈದು: ಅದು ಬರೀ ಕಾಯುವುದು,
ಒಂದರ ಹಾಗೇ ಇನ್ನೊಂದು, ಐದು ವಾರ.
ಉಳಿದ ಐದನ್ನು ಬೆರಳ ಗೆಣ್ಣಿನಲ್ಲಿ ಎಣಿಸಿ,
ಶನಿ, ಭಾನು, ಸೋಮ, ಮಂಗಳ,
ಬುಧವಾರ ಬೆಳಿಗ್ಗೆ ಒಂದು ಹಿಡಿ ಅಕ್ಕಿ ಹೆಚ್ಚಿಗೆ ತೊಳೆದಿಟ್ಟಳು.
ಅಪ್ಪ ಬಂದದ್ದು ಗುರುವಾರ.
ಗಾಳಿಗೆ ಮಗ್ಗಿ ಬರುವುದಿಲ್ಲ.

ಶೇಷ ಯಾವಾಗಲೂ ಭಾಜಕಕ್ಕಿಂತ ಚಿಕ್ಕದಿರಬೇಕು,
ಇಲ್ಲವಾದರೆ ಇನ್ನೊಂದು ಸುತ್ತು ಹಂಚಬಹುದಿತ್ತು ಎಂದರ್ಥ.
ಇದನ್ನು ಮೇಷ್ಟ್ರು ಸರಿಯಾಗಿಯೇ ಹೇಳಿಕೊಟ್ಟಿದ್ದರು.
ಹಾಗಾಗಿ ಎಂಟು ಮಂದಿಯ ತನಕ
ದಡದಲ್ಲೇ ಉಳಿಯಬಹುದು, ಲೆಕ್ಕ ತಪ್ಪದೆ.

ಪರೀಕ್ಷೆಯ ಬೆಳಿಗ್ಗೆ, ಆಚೆ ದಡದ ಊರಿಗೆ,
ಹೇಳಿಸಿದ್ದು ಐದು ದೋಣಿ.
ಒಂದೊಂದರಲ್ಲೂ ಒಂಬತ್ತು ತಲೆ, ಒಂಬತ್ತು ಚೀಲ.
ಐದನೆಯದೂ ಹೊರಟಿತು.
ಕಟ್ಟೆಯ ಮೇಲೆ ನಿಂತವರು,
ಪೆನ್ನು ಮರೆತು ಮನೆಗೆ ಓಡಿ ಬಂದ ಜೆಗಾನ್,
ಬೇಕೆಂದೇ ಹಿಂದೆ ಸರಿದ ತೆನಿಂಗ್,
ಮತ್ತೆ, ಷರಾಯಿ ಮೊಣಕಾಲಿಗೆ ಮಡಚಿ
ಬೂಟು ಕೈಯಲ್ಲಿ ಹಿಡಿದ ವಗಾನ್ ಮೇಷ್ಟ್ರು.
ಅವರು ತಮ್ಮನ್ನು ಎಣಿಸಿಕೊಂಡೇ ಇರಲಿಲ್ಲ.

ನೀರು ಇಳಿಯತೊಡಗಿತ್ತು.
ಕಟ್ಟೆಯ ಕಲ್ಲುಗಳ ಪಾಚಿ ಒಂದೊಂದೇ ಗೆರೆ ಕಾಣುತ್ತಿತ್ತು.
ಆಗ ಕಾಂಡ್ಲಾದ ತಿರುವಿನಿಂದ ಸಿಗಾಳ ದೋಣಿ:
ತಳದಲ್ಲಿ ಕಾಲಿಗೆ ಚುಚ್ಚುವ ಚಿಪ್ಪು, ಒಂದಿಷ್ಟು ನೀರು,
ಮೊಗೆಯಲು ಕತ್ತರಿಸಿದ ಎಣ್ಣೆ ಡಬ್ಬ.
ಮಗಳು ರಾತ್ರಿಯೇ ಹೇಳಿಟ್ಟಿದ್ದಳು.

'ಎರಡು ಅಲ್ವಾ ಉಳಿಯೋದು?' ಕೇಳಿದಳು ಸಿಗಾ.
'ಮೂರು,' ಎಂದರು ಮೇಷ್ಟ್ರು,
ಡಬ್ಬ ಕೈಗೆತ್ತಿಕೊಂಡು.