ಇಬ್ಬರ ಅಳತೆ

ರೂವಿಯಲ್ಲಿ ಪಾಸ್ಕಲನ ಫ್ಲ್ಯಾಟು, ನಾಲ್ಕನೇ ಮಹಡಿ.
ಅವನು ಊರಿಗೆ ಹೋಗಿದ್ದಾನೆ; ತಿಂಗಳ ಮಟ್ಟಿಗೆ
ಕೀಲಿಕೈ ನನ್ನದು, ಅಡುಗೆಮನೆ ನನ್ನದು.
ಸಿಂಕಿನಲ್ಲಿ ಬಾತುಕೋಳಿ
ನಿನ್ನೆಯಿಂದ ಕರಗುತ್ತ ಕೂತಿದೆ,
ಚಳಿಗೆ ಮುದುರಿದ ಮುದುಕನ ಹಾಗೆ
ಮೊಣಕಾಲು ಎದೆಗೊತ್ತಿಕೊಂಡು.
ಫ್ರಾನ್ಸಿನದಂತೆ. ನಾಲ್ಕು ರಿಯಾಲು ಎಂಟುನೂರು ಬೈಸೆ.
ಬಿಲ್ಲು ಮಡಚಿ ಒಳಜೇಬಿಗೆ ಹಾಕಿದ್ದೇನೆ,
ಸೆವ್ರಿನ್ ನೋಡಿದರೆ ರೂಪಾಯಿಗೆ ಗುಣಿಸುತ್ತಾಳೆ.

ಘಾಲಾ ಕ್ಯಾಂಪಿನ ಮೆಸ್ಸಿನಲ್ಲಿ ನಾನು ಬಾವ್ತಿಸ್,
ಮುನ್ನೂರ ಹತ್ತು ತಲೆ, ಮೂರು ಹೊತ್ತು.
ಸಲಿಕೆಯಂಥ ಸೌಟು.
ಈರುಳ್ಳಿಯೆಂದರೆ ಚೀಲ, ಬೇಳೆಯೆಂದರೆ ಚೀಲ,
ಉಪ್ಪಿಗೆ ಹಾಲಿನ ಪುಡಿಯ ಹಳೇ ಡಬ್ಬಿ.
ಹತ್ತೊಂಬತ್ತು ವರ್ಷ.
ಈಗ ಮೂರು ಈರುಳ್ಳಿ ಹೆಚ್ಚಿ
ನಾಲ್ಕನೆಯದರ ಮುಂದೆ ಚಾಕು ಹಿಡಿದು ನಿಂತಿದ್ದೇನೆ.
ಬೇಕೋ, ಬೇಡವೋ,
ಕೇಳೋಣವೆಂದರೆ ಬಾತಿಗೆ ತಲೆಯಿಲ್ಲ.

ಮದುವೆಯಾದಾಗ ನನಗೆ ಮೊಟ್ಟೆ ಬೇಯಿಸಲೂ ಬರುತ್ತಿರಲಿಲ್ಲ.
ರಜೆಗೆ ಹೋದರೆ ಅವಳು ಒಲೆಯ ಬಳಿ ಸೇರಿಸುವುದಿಲ್ಲ:
"ನಲವತ್ತು ದಿನದ ನೆಂಟ, ಸುಮ್ಮನೆ ಕೂತು ಉಣ್ಣಿ."
ನನ್ನ ಕೈಯಡುಗೆಯ ರುಚಿ ಗೊತ್ತಿರುವುದು
ಬಿಹಾರದ ವೆಲ್ಡರಿಗೆ, ನೇಪಾಳದ ಕಾವಲಿನವನಿಗೆ,
ರಾತ್ರಿಪಾಳಿ ಮುಗಿಸಿ ಬರುವ ಬಾಂಗ್ಲಾದ ಹುಡುಗರಿಗೆ.
ನಾನು ಬೈಸಿಕೊಂಡದ್ದು, ಆಗೊಮ್ಮೆ ಈಗೊಮ್ಮೆ ಹೊಗಳಿಸಿಕೊಂಡದ್ದು,
ಎಲ್ಲ ಅವಳಿಗೆ ತಿಳಿಯದ ಭಾಷೆಗಳಲ್ಲಿ.

ಬಾತೇ ಯಾಕೆಂದರೆ, ಅದೊಂದು ಹಳೇ ಬಾಕಿ.
ಹೆಣ್ಣು ನೋಡಲು ಹೋದ ದಿನ, ಗಂಗೊಳ್ಳಿಯ ಹೊಳೆದಂಡೆ,
ಅವರ ಮನೆಯ ಗಂಡು ಬಾತು ನನ್ನ ಬಿಳಿ ಪ್ಯಾಂಟು ಕಚ್ಚಿ
ಅಂಗಳದಿಂದ ದೋಣಿಯವರೆಗೂ ಓಡಿಸಿತ್ತು.
ಬಾಗಿಲ ಹಿಂದೆ ಯಾರೋ ನಕ್ಕರು.
ಆ ನಗು ಕೇಳಿಯೇ ನಾನು ಒಪ್ಪಿದ್ದು.

ತುಂಡು ಮಾಡಿ, ಚರ್ಮಕ್ಕೆ ಗೀರು ಹಾಕಿ ಬಾಣಲೆಗೆ ಕವುಚಿದೆ.
ಎಣ್ಣೆ ಬೇಡ,
ತನ್ನ ಕೊಬ್ಬಲ್ಲೇ ತಾನು ಬೇಯುವ ಜಾತಿ,
ನಮ್ಮ ಫೋರ್‌ಮನ್ನನ ಹಾಗೆ.
ಒಂದು ಲೋಟ ಬಸಿದು ಬಾಟಲಿಗೆ ಹಾಕಿದೆ.
ಆಮೇಲೆ ಬಫಾತ್ ಪುಡಿ, ಅವಳೇ ತಂದದ್ದು,
ಮೂರು ಪ್ಲಾಸ್ಟಿಕ್ಕಿನಲ್ಲಿ ಸುತ್ತಿ, ಸೀರೆಯ ಮಡಿಕೆಯಲ್ಲಿ ಬಚ್ಚಿಟ್ಟು.
ಹುಳಿಗೆ ಮಾತ್ರ ಇಲ್ಲಿನ ಕಪ್ಪು ಒಣನಿಂಬೆ,
ಎರಡು ಗೋಲಿ ರಸದಲ್ಲಿ ಹೊರಳುತ್ತ.
ಎರಡೂವರೆ ಗಂಟೆಯಾದರೂ ಮಾಂಸ ಜಗ್ಗಲಿಲ್ಲ.
ಒಳಗೆ ಸೆವ್ರಿನ್ ಎಸಿಯ ಸದ್ದಿಗೆ ನಿದ್ದೆ ಹೋಗಿದ್ದಾಳೆ
ವೀಸಾದ ಕಾಗದ ದಿಂಬಿನಡಿ ಇಟ್ಟುಕೊಂಡೇ.

ಹತ್ತು ಗಂಟೆಗೆ ಬಡಿಸಿದೆ.
ಖುಬೂಸ್ ಹರಿದು, ಅದ್ದಿ, ಬಾಯಿಗಿಟ್ಟಳು.
ಮುನ್ನೂರ ಹತ್ತು ಮಂದಿ ಒಟ್ಟಿಗೆ ತಟ್ಟೆ ಬಡಿದ ದಿನವೂ
ನನ್ನ ಎದೆ ಹೀಗೆ ಹೊಡೆದುಕೊಂಡಿರಲಿಲ್ಲ.
ಅವಳು ಏನೂ ಹೇಳದೆ ಕುತ್ತಿಗೆಯ ತುಂಡೆತ್ತಿಕೊಂಡಳು,
ಮೂಳೆಯೇ ಹೆಚ್ಚಿರುವ, ಯಾರೂ ಮುಟ್ಟದ ತುಂಡು.
ಚೀಪುತ್ತ ಕೇಳಿದಳು:
"ಇಷ್ಟು ವರ್ಷ ಇದನ್ನೆಲ್ಲ ಅವರಿಗೆ ಮಾಡಿ ಹಾಕುತ್ತಿದ್ದಿರಾ?"
ಇಲ್ಲ ಮಾರಾಯ್ತಿ, ಅವರಿಗೆ ಬರೀ ಬೇಳೆ, ಅಂದೆ.
ನಂಬಲಿಲ್ಲ.

ಮಾತು ತಿರುಗಿಸಲು ಆ ಗಂಡು ಬಾತಿನ ಕತೆ ತೆಗೆದೆ,
ಬಿಳಿ ಪ್ಯಾಂಟು, ದೋಣಿ, ಬಾಗಿಲ ಹಿಂದಿನ ನಗು.
"ಅಯ್ಯೋ, ನಕ್ಕದ್ದು ನಾನಲ್ಲ," ಅಂದಳು,
"ಅದು ತಂಗಿ ಕಾರ್ಮಿನ್.
ನಾನು ಹಿತ್ತಿಲಲ್ಲಿ ನಿಮಗಾಗಿ ಮೀನು ಕೊಯ್ಯುತ್ತಿದ್ದೆ."
ಮತ್ತೆ ಈಗ ನಕ್ಕಳು. ಬೇರೆಯೇ ನಗು,
ತುಸು ಒರಟು, ಮೂಗಿನಿಂದ ಶುರುವಾಗುವಂಥದು.
ಬಾಟಲಿಯೊಳಗೆ ಕೊಬ್ಬು ಬೆಳ್ಳಗೆ ಹೆಪ್ಪುಗಟ್ಟುತ್ತಿತ್ತು.

ಆಮೇಲೆ ಎದ್ದು ಉಪ್ಪಿನ ಡಬ್ಬಿ ತಂದಳು.
"ಕಮ್ಮಿಯಾಗಿದೆ," ಅಂದಳು, "ಹೆದರಿ ಹಾಕಿದ್ದೀರಿ."
ಎರಡು ಬೆರಳ ತುದಿಯಲ್ಲಿ ಎತ್ತಿ
ದೀಪದ ಕೆಳಗೆ ಹಿಡಿದು ತೋರಿಸಿದಳು:
"ನೋಡಿ. ಇಬ್ಬರಿಗೆ ಇಷ್ಟು."