ಹಿಮವೇ ಇರಲಿಲ್ಲ

ಬೊರೆಕ್ ಫೋನು ಮಾಡಿ ಕರೆದ: ಬಾ,
ಮೇಕೆಯ ಸಿನಿಮಾ ತೊಳೆದು ಒರೆಸಿ ಹೈ ಡೆಫಿನಿಷನ್ ಮಾಡಿದ್ದಾರಂತೆ.
ಪ್ರಾಗಿನಲ್ಲಿ ಯಾರೋ ಪುಣ್ಯಾತ್ಮರು
ರೀಲಿನ ಒಂದೊಂದು ಚೌಕದ ಧೂಳನ್ನೂ ಹೆಕ್ಕಿದ್ದಾರಂತೆ,
ಬೇಳೆಯಲ್ಲಿ ಕಲ್ಲು ಆರಿಸಿದ ಹಾಗೆ.

ಒಸ್ಟ್ರಾವಾ. ಏಳನೇ ಮಹಡಿ. ಕಿಟಕಿಯಾಚೆ
ಗಣಿಯ ಕಸದ ಗುಡ್ಡ ಇನ್ನೂ ಒಳಗೊಳಗೇ ಬೆಚ್ಚಗೆ.
ಗೋಡೆಯಗಲದ ಪರದೆ. ಅಪ್ಪ, ಬೊರೆಕ್, ಅವನ ಮೊಮ್ಮಗಳು ವೆಂದುಲ್ಕಾ,
ತಟ್ಟೆ ತುಂಬ ಗಸಗಸೆ ಹೂರಣದ ಬನ್ನು.

ಮೊದಲ ಚಿತ್ರಕ್ಕೇ ನನಗೆ ಧಸಕ್ಕೆಂದಿತು.
ಹಿಮವೆಲ್ಲಿ?
ಉಣ್ಣೆಯ ಮೇಕೆ ಉಪ್ಪು ತರಲು ಹೊರಟ ದಾರಿಯಲ್ಲಿ
ಆಗೆಲ್ಲ ಎಷ್ಟೊಂದು ಹಿಮ!
ಅದರ ಚಳಿಗೆ ನಾನು ಕಂಬಳಿಯೊಳಗೆ ಕಾಲು ಮಡಿಚುತ್ತಿದ್ದೆ.
ಈಗ ನೋಡಿದರೆ ಅದು ಬೇಸಿಗೆ:
ಬನ್ನಿನೊಳಗಿನ ಗಸಗಸೆಯದೇ ಹೂವು, ಕೆಂಪು ಕಾಗದದ್ದು,
ಹತ್ತಿಯ ಮೋಡ,
ಮೋಡಕ್ಕೆ ಕಟ್ಟಿದ ಗಾಳದ ದಾರ.
ಹಿಮ ಬೀಳುತ್ತಿದ್ದದ್ದು ನಮ್ಮ ಟೀವಿಯಲ್ಲಿ.

ಮೇಕೆಯ ಶಾಲು ಕೆಂಪೆಂದು ಬೊರೆಕ್, ಹಸಿರೆಂದು ನಾನು
ಆ ಕಪ್ಪುಬಿಳಿ ಪೆಟ್ಟಿಗೆಯ ಮುಂದೆ ಹೊಡೆದಾಡಿದ್ದೆವು;
ಅವನ ಹಲ್ಲಿನ ಗುರುತು ಈಗಲೂ ನನ್ನ ಮೊಣಕೈಯಲ್ಲಿದೆ.
ಶಾಲು ಹಳದಿ.
"ಬಣ್ಣ ಮಾಸಿರಬೇಕು" ಎಂದ, ಬನ್ನು ಮುರಿಯುತ್ತ.

ವೆಂದುಲ್ಕಾ ಪರದೆಗೆ ಮೂಗು ತಾಗಿಸಿ ಕೂಗಿದಳು:
ಯಾರದೋ ಹೆಬ್ಬೆಟ್ಟು! ಮೇಕೆಯ ಮೂಗಿನ ಮೇಣದಲ್ಲಿ
ಗೆರೆಗೆರೆಯಾಗಿ ಒತ್ತಿದ ಹೆಬ್ಬೆಟ್ಟು,
ಕಂಡಿತು, ಸರಿಯಿತು, ಇಲ್ಲವಾಯಿತು.
ಇಡೀ ದಿನ ಕುಳಿತು ನಾಲ್ಕು ಹೆಜ್ಜೆ ನಡೆಸುತ್ತಿದ್ದ ಯಾರೋ,
ಬೆವರಿದ್ದರೇನೋ, ಊಟಕ್ಕೆ ಹೊತ್ತಾಗಿತ್ತೇನೋ.

ಅಪ್ಪ ಸುಮ್ಮನಿದ್ದ.
ಭಾನುವಾರ ಸಂಜೆ, ರಾತ್ರಿ ಪಾಳಿಗೆ ಇಳಿಯುವ ಮುನ್ನ,
ಟೀವಿಯ ಹಿಂದೆ ಆಂಟೆನಾ ಎತ್ತಿ ಹಿಡಿದು ನಿಲ್ಲುತ್ತಿದ್ದವನು.
ಕೈ ಬಿಟ್ಟರೆ ಮೇಕೆ ಪೂರ್ತಿ ಮುಳುಗಿಹೋಗುತ್ತಿತ್ತು.
"ಎಡಕ್ಕೆ ಅಪ್ಪಾ, ಇನ್ನೂ ಮೇಲೆ, ಹಾಂ, ಅಲ್ಲೇ, ಉಸಿರಾಡಬೇಡ!"
ಹೀಗಾಗಿ ಹನ್ನೆರಡು ನಿಮಿಷದ ಆ ಸಿನಿಮಾವನ್ನು
ಅವನು ಒಮ್ಮೆಯೂ ನೋಡಿರಲೇ ಇಲ್ಲ.
ನಮಗದು ಹೊಳೆದದ್ದು ಇವತ್ತು.

ಈಗ ಎದುರಿಗೇ ಕೂರಿಸಿದ್ದೇವೆ, ಒಳ್ಳೆಯ ಕುರ್ಚಿಯಲ್ಲಿ.
ಸೇತುವೆ ಬರುವ ಮೊದಲೇ, ಸಂಗೀತ ತುಸು ತಗ್ಗಿದ್ದೇ ತಡ,
ಪರದೆ ಬಿಟ್ಟು ನಮ್ಮತ್ತ ತಿರುಗಿದ,
ತಲೆ ನೆರೆತ ನಮ್ಮಿಬ್ಬರ ಮುಖದತ್ತ.
"ಈಗ ನಗ್ತೀರಿ ನೀವು" ಎಂದ.

ಮೇಕೆ ಬಿತ್ತು. ಉಪ್ಪೆಲ್ಲ ಹೊಳೆಪಾಲು.
"ಅದು ಉಪ್ಪಲ್ಲ, ಸಕ್ಕರೆ, ಹರಳು ಕಾಣ್ತಿದೆ" ಎಂದಳು ವೆಂದುಲ್ಕಾ.
ನಾನು ನಗಲು ಹೋದೆ.
ಅಪ್ಪನ ಬಲಗೈ ಕುರ್ಚಿಯ ತೋಳಿನಿಂದ
ತಾನಾಗಿಯೇ ಒಂದು ಗೇಣು ಮೇಲೆದ್ದಿತ್ತು,
ಬೆರಳು ಮಡಿಚಿ.